ಡಂಕ್ಲಿಯೋಸ್ಟಿಯಸ್ ಮಾದರಿ: 30 ಅಡಿಯೋ, 11 ಅಡಿಯೋ? ಬಿದಿರು, ಅಡಿಕೆ ಹಾಳೆಯಲ್ಲಿ ಆಗುತ್ತಾ?

ಹೊಸನಗರ_ವಿಜ್ಞಾನ
ಎಲ್ಲರಿಗೂ ನಮಸ್ಕಾರ. ಪ್ರೌಢಶಾಲೆಯ ವಿಜ್ಞಾನ ವಸ್ತುಪ್ರದರ್ಶನಕ್ಕೆ ಕೋಟ್ಯಂತರ ವರ್ಷ ಹಿಂದೆ ಅಳಿದುಹೋದ ಡಂಕ್ಲಿಯೋಸ್ಟಿಯಸ್ ಅನ್ನೋ ಕವಚದ ಮೀನಿನ ಪೂರ್ಣ ಗಾತ್ರದ ಮಾದರಿ ಮಾಡಬೇಕು ಅಂತ ಮಕ್ಕಳ ಹಟ. ನಾಲ್ಕು ಪ್ರಶ್ನೆ ಇವೆ.
ಒಂದು, ಉದ್ದ ಎಷ್ಟು ಇಡಬೇಕು? ಒಂದು ಕಡೆ 30 ಅಡಿ ಅಂತಿದೆ, ಇನ್ನೊಂದು ಕಡೆ 11 ಅಡಿ.
ಎರಡು, ಥರ್ಮಾಕೋಲ್ ಬಿಟ್ಟು ಊರಲ್ಲೇ ಸಿಗೋ ಸಾಮಾನಲ್ಲಿ ಮಾಡೋದು ಹೇಗೆ?
ಮೂರು, ಬಾಯಿ ತೆರೆದು ಮುಚ್ಚಬೇಕು. ಮೋಟಾರ್ ಬೇಡ, ಹಗ್ಗ ಎಳೆದರೆ ಸಾಕು.
ನಾಲ್ಕು, ಪಕ್ಕದಲ್ಲಿಡೋಕೆ ನಮ್ಮ ಜಿಲ್ಲೆಯಲ್ಲೇ ಸಿಕ್ಕ ಪಳೆಯುಳಿಕೆ ಏನಾದರೂ ಇದೆಯಾ?

ಗಾಜನೂರು
30 ಅಡಿಗೇ ಮಾಡಿ ಸರ್. ನೋಡೋರಿಗೆ ದಂಗುಬಡಿಯಬೇಕು.

ಮೂಳೆಮೀನು
ಬೇಡ. 11 ಅಡಿಗೆ ಮಾಡಿ. 2023ರಲ್ಲಿ ರಸೆಲ್ ಎಂಗಲ್ಮನ್ ಅನ್ನೋ ಸಂಶೋಧಕರು ಈ ಮೀನಿನ ಉದ್ದವನ್ನು ಹೊಸದಾಗಿ ಲೆಕ್ಕ ಹಾಕಿದರು. ಬೆಳೆದ ಮೀನು ಸಾಮಾನ್ಯವಾಗಿ 3.4 ಮೀಟರ್, ಅಂದರೆ 11 ಅಡಿ ಚಿಲ್ಲರೆ. ಅತಿ ದೊಡ್ಡದು ಅಂದ್ರೂ 4.1 ಮೀಟರ್ ಆಸುಪಾಸು. 3.4 ಮೀಟರ್ ಮೀನಿನ ತೂಕ ಸುಮಾರು 1 ಟನ್.

ಇಲ್ಲಿ ಮುಖ್ಯವಾಗಿ ಗೊತ್ತಿರಬೇಕಾದ್ದು ಒಂದೇ. ಈ ಮೀನಿನದು ಅಂತ ನಮಗೆ ಚೆನ್ನಾಗಿ ಸಿಕ್ಕಿರೋದು ತಲೆಯ ಕವಚ, ಎದೆಯ ಕವಚ, ದವಡೆ, ಕಣ್ಣಿನ ಸುತ್ತಲಿನ ಮೂಳೆ ಬಳೆ. ಹಿಂದಿನ ಮೈಯೆಲ್ಲ ಮೆದುಮೂಳೆ ಮತ್ತು ಮಾಂಸ. ಅದು ಕಲ್ಲಾಗಿ ಉಳಿಯಲಿಲ್ಲ. ಹಾಗಾಗಿ ಉದ್ದ ಯಾರೇ ಹೇಳಿದರೂ ಅದು ತಲೆ ನೋಡಿ ಹಾಕಿದ ಲೆಕ್ಕ.

ತುಂಗಾದಂಡೆ
ಒಂದು ಲೇಖನ ಬಂತು ಅಂತ ಹಳೇದನ್ನೆಲ್ಲ ತಳ್ಳಿಹಾಕೋದಾ? 2017ರ ಅಧ್ಯಯನದಲ್ಲಿ ಸುಮಾರು 7ರಿಂದ 9 ಮೀಟರ್ ಅಂತ ಬಂದಿತ್ತಲ್ಲ. ಅವರೂ ಲೆಕ್ಕ ಹಾಕಿಯೇ ಹೇಳಿದ್ದು. ಬಾಯಿಯ ಅಗಲ ನೋಡಿದರೆ ಯಾರಿಗಾದರೂ ದೊಡ್ಡ ಮೀನು ಅಂತಲೇ ಅನ್ನಿಸುತ್ತೆ.

ಮೂಳೆಮೀನು
@ತುಂಗಾದಂಡೆ ಎಡವಟ್ಟಾಗಿದ್ದೇ ಆ ಬಾಯಿಯ ಅಗಲದಲ್ಲಿ. 2017ರ ಲೆಕ್ಕ ಶಾರ್ಕ್‌ಗಳ ಬಾಯಿ ಅಳತೆಯನ್ನು ಆಧರಿಸಿತ್ತು. ಶಾರ್ಕ್‌ಗೆ ಇಷ್ಟು ಬಾಯಿ ಇದ್ದರೆ ಇಷ್ಟು ಉದ್ದ, ಹಾಗಾದರೆ ಇದಕ್ಕೂ ಅಷ್ಟೇ ಅಂತ. ಆದರೆ ಡಂಕ್ಲಿಯೋಸ್ಟಿಯಸ್ ಸೇರೋ ಆರ್ಥ್ರೋಡೈರ್ ಗುಂಪಿನಲ್ಲಿ ಮೈಗೆ ಹೋಲಿಸಿದರೆ ಬಾಯಿಯೇ ದೊಡ್ಡದು. ಈ ಗುಂಪಿನಲ್ಲಿ ಕೊಕೊಸ್ಟಿಯಸ್ ಥರದ ಸಣ್ಣ ಮೀನುಗಳ ಇಡೀ ಮೈಯ ಅಚ್ಚು ಸಿಕ್ಕಿದೆ. ಅದನ್ನು ನೋಡಿದರೇ ಇದು ಗೊತ್ತಾಗುತ್ತೆ. ಶಾರ್ಕ್‌ನ ಸೂತ್ರವನ್ನು ಅವಕ್ಕೆ ಹಾಕಿದರೆ ಉತ್ತರ ನಿಜವಾದ ಉದ್ದಕ್ಕಿಂತ ಎಷ್ಟೋ ಜಾಸ್ತಿ ಬರುತ್ತೆ.

2023ರಲ್ಲಿ ಅಳೆದಿದ್ದು ಕಣ್ಣಿನ ಗುಳಿಯಿಂದ ಕಿವಿರಿನ ಹಿಂದಿನ ಅಂಚಿನವರೆಗಿನ ದೂರ. ಬಾಯಿಯ ಗಾತ್ರ ಒಂದೊಂದು ಮೀನಿನಲ್ಲಿ ಒಂದೊಂದು ಥರ, ಏನು ತಿನ್ನುತ್ತೆ ಅನ್ನೋದರ ಮೇಲೆ. ಕಿವಿರು ಹಾಗಲ್ಲ. ಮೈ ಎಷ್ಟು ದೊಡ್ಡದೋ ಅಷ್ಟು ಉಸಿರು ಬೇಕು, ಹಾಗಾಗಿ ಆ ಭಾಗದ ಉದ್ದ ಮೈಯ ಉದ್ದದ ಜೊತೆಗೇ ಹೋಗುತ್ತೆ.

ತುಂಗಾದಂಡೆ
ಸರಿ, ಕಿವಿರಿನ ವಾದ ಗಟ್ಟಿಯಾಗಿದೆ. ಆದರೆ ಬಾಲದ ಆಕಾರ? 2017ರವರು ಎತ್ತರದ, ಶಾರ್ಕ್ ಥರದ ಬಾಲ ಅಂದರಲ್ಲ. ಅದನ್ನೂ ಬಿಡಬೇಕಾ?

ಮೂಳೆಮೀನು
ಬಾಲ ಬಿಡಬೇಡಿ. ಆ ಭಾಗ ಇವತ್ತಿಗೂ ಒಪ್ಪುವಂಥದ್ದೇ. ಹಳೇ ಚಿತ್ರಗಳಲ್ಲಿ ಹಾವುಮೀನಿನ ಹಾಗೆ ಉದ್ದಕ್ಕೆ ಎಳೆದ ಬಾಲ ಇರುತ್ತೆ, ತಳದಲ್ಲಿ ಹೊರಳಾಡೋ ಸಣ್ಣ ಮೀನನ್ನು ನೋಡಿ ಬರೆದದ್ದು. ಇದು ತೆರೆದ ನೀರಿನಲ್ಲಿ ಈಜಿ ಬೇಟೆ ಆಡ್ತಿದ್ದ ಮೀನು. ಗಿಡ್ಡ, ದಪ್ಪ ಮೈ, ಎತ್ತರದ ಬಾಲ.

ಲೆಕ್ಕದ_ಮೇಡಂ
ಮೇಷ್ಟ್ರೇ, ಅಳತೆ ಹಿಗ್ಗಿಸುವುದು ಹೀಗೆ. ಪಕ್ಕದಿಂದ ಕಾಣುವ ಚಿತ್ರವನ್ನು ಎ4 ಹಾಳೆಯಲ್ಲಿ ಅಡ್ಡಲಾಗಿ ಮುದ್ರಿಸಿ. ಮೂತಿಯಿಂದ ಬಾಲದ ತುದಿವರೆಗೆ ಸರಿಯಾಗಿ 17 ಸೆಂ.ಮೀ. ಬರಲಿ. ಅದರ ಮೇಲೆ 1 ಸೆಂ.ಮೀ. ಚೌಕ ಎಳೆಯಿರಿ. ಜಗುಲಿಯ ನೆಲದ ಮೇಲೆ ಸೀಮೆಸುಣ್ಣದಲ್ಲಿ 20 ಸೆಂ.ಮೀ. ಚೌಕ ಎಳೆಯಿರಿ. ಚೌಕಕ್ಕೆ ಚೌಕ ನೋಡಿಕೊಂಡು ಗೆರೆ ದಾಟಿಸಿದರೆ 17 × 20 = 340 ಸೆಂ.ಮೀ. ಬಂತು.

ಎಚ್ಚರ ಇರಬೇಕಾದ್ದು ಒಂದು ಕಡೆ. ಹಳೆಯ 9 ಮೀಟರ್ ಚಿತ್ರವನ್ನೇ ತಂದು 3.4 ಮೀಟರ್‌ಗೆ ಕುಗ್ಗಿಸಬೇಡಿ. ಹಾಗೆ ಮಾಡಿದರೆ ತಲೆಯೂ ಕುಗ್ಗುತ್ತದೆ. ತಲೆಯ ಗಾತ್ರ ಮೂಳೆಯಿಂದ ಗೊತ್ತಿರುವಂಥದ್ದು, ಅದು ಬದಲಾಗಿಲ್ಲ. ಬದಲಾಗಿದ್ದು ಹಿಂದಿನ ಮೈ. 2023ರ ನಂತರ ಬರೆದ ಚಿತ್ರವನ್ನೇ ತೆಗೆದುಕೊಳ್ಳಿ.

ಮೂಳೆಮೀನು
@ಲೆಕ್ಕದ_ಮೇಡಂ ನೂರಕ್ಕೆ ನೂರು. ಇಂಟರ್ನೆಟ್‌ನಲ್ಲಿ ಓಡಾಡೋ ಮಾದರಿಗಳಲ್ಲಿ ಅರ್ಧಕ್ಕರ್ಧ ತಪ್ಪು ಇದೇ.

ಅಡಿಕೆಹಾಳೆ
ಎರಡನೇ ಪ್ರಶ್ನೆಗೆ ನಾನು ಹೇಳ್ತೀನಿ. ಮಲೆನಾಡಲ್ಲಿ ಕೂತು ಥರ್ಮಾಕೋಲ್ ಯಾಕೆ ಮಾರಾಯ್ರೆ?

ಹಂದರ ಬಿದಿರಿಂದು. 2 ಸೆಂ.ಮೀ. ಅಗಲದ ಸೀಳು, ಒಳಗಿನ ಗಂಟು ಕೆತ್ತಿ ನಯ ಮಾಡಿದ್ದು. ಉದ್ದಕ್ಕೆ 8 ಸೀಳು. 20 ಸೆಂ.ಮೀ.ಗೆ ಒಂದರಂತೆ ಅಡ್ಡ ಬಳೆ, ಎರಡು ತುದಿ ಬಿಟ್ಟು 16 ಬಳೆ. ನೆಲದ ಮೇಲಿನ ಚಿತ್ರದಲ್ಲಿ ಆಯಾ ಗೆರೆಯ ಎತ್ತರ ಅಳೆದು ಬಳೆ ಕಟ್ಟಿ. ಹಸಿ ಸೀಳಲ್ಲೇ ಬಳೆ ಬಗ್ಗಿಸಬೇಕು, ಒಣಗಿದ್ದು ಸಿಬಿರು ಏಳುತ್ತೆ. ಕಟ್ಟೋದಕ್ಕೆ ಬೈಂಡಿಂಗ್ ವೈರ್, ತುದಿ ಒಳಗೆ ಮಡಚಿ. ಮಕ್ಕಳ ಕೈ ಕೊಯ್ಯೋದು ಬಿದಿರಿಗಿಂತ ಆ ವೈರ್ ತುದಿಯೇ.

ಕವಚಕ್ಕೆ ಅಡಿಕೆ ಹಾಳೆ. ಅರ್ಧ ಗಂಟೆ ನೀರಲ್ಲಿ ಮುಳುಗಿಸಿಡಿ, ಚರ್ಮದ ಹಾಗೆ ಮೆತ್ತಗಾಗುತ್ತೆ. ಬೇಕಾದ ಆಕಾರಕ್ಕೆ ಕತ್ತರಿಸಿ ಹಂದರದ ಮೇಲೆ ಒತ್ತಿ, ಮೇಲಿಂದ ಹಳೇ ಸೀರೆ ಪಟ್ಟಿ ಬಿಗಿದು ಕಟ್ಟಿ, ನೆರಳಲ್ಲಿ ಎರಡು ದಿನ. ಬಿಸಿಲಿಗೆ ಇಟ್ಟರೆ ಅಂಚು ಸುರುಳಿಯಾಗಿ ನಾರಿನ ಉದ್ದಕ್ಕೆ ಸೀಳುತ್ತೆ. ನಾರು ಯಾವಾಗಲೂ ಮೀನಿನ ಉದ್ದಕ್ಕೇ ಬರಲಿ, ಆಗ ಅಡ್ಡಕ್ಕೆ ಚೆನ್ನಾಗಿ ಬಗ್ಗುತ್ತೆ. ಎರಡೂ ಬದಿ ಸೇರಿ 25 ಹಾಳೆ ಸಾಕು, ಒಡೆಯೋದಕ್ಕೆ ಅಂತ 10 ಜಾಸ್ತಿ ಇಟ್ಕೊಳ್ಳಿ.

ಹಿಂದಿನ ಮೈಗೆ ಹಳೇ ಪಂಚೆ, ಮೈದಾ ಅಂಟು. 1 ಲೋಟ ಮೈದಾಕ್ಕೆ 5 ಲೋಟ ನೀರು, ಗಂಟಾಗದ ಹಾಗೆ ಕಾಯಿಸಿ. ಪಂಚೆ ಮೇಲೆ ದಿನಪತ್ರಿಕೆ ಎರಡು ಪದರ.

ಸಾಗರದ_ಕಡೆ
ಹಾಳೆ ಈಗ ಎಲ್ಲಿ ಒಳ್ಳೇದು ಸಿಗುತ್ತೆ? ಮಳೆ ಹಿಡಿದ ಮೇಲೆ ತೋಟದಲ್ಲಿ ಬಿದ್ದಿದ್ದೆಲ್ಲ ಕಪ್ಪು ಚುಕ್ಕಿ.

ಅಡಿಕೆಹಾಳೆ
ಬೇಸಿಗೆಯಲ್ಲಿ ಬಿದ್ದಿದ್ದನ್ನ ಒಣಗಿಸಿ ಅಟ್ಟದ ಮೇಲೆ ಇಟ್ಟಿರ್ತಾರಲ್ಲ, ಅದು ಕೇಳಿ. ಹಾಳೆ ತಟ್ಟೆ ಮಾಡೋರ ಹತ್ರ ಅಂಚು ಹರಿದದ್ದು ರಾಶಿ ಇರುತ್ತೆ. ತಟ್ಟೆಗೆ ಬಾರದ್ದು ನಿಮಗೆ ಬರುತ್ತೆ.

ಆಗುಂಬೆ_ಮಳೆ
ಮೈದಾ ಅಂಟು ಮಳೆಗಾಲದಲ್ಲಿ ನಾಲ್ಕೇ ದಿನಕ್ಕೆ ಬೂಸ್ಟು ಹಿಡಿಯುತ್ತೆ, ಜಿರಲೆಯೂ ಬರುತ್ತೆ. ಕಾಗದದ ತಿರುಳಿಗೆ ಮೆಂತ್ಯ ಸೇರಿಸೋ ನಮ್ಮ ಹಳೇ ಪದ್ಧತಿ ಬಳಸಿ. ಹಿಂದೆ ಮೊರ, ಬುಟ್ಟಿಗೆ ಬಳೀತಿದ್ದರಲ್ಲ ಅದೇ. 1 ಕೆ.ಜಿ. ಹಳೇ ಪೇಪರ್ ಹರಿದು ರಾತ್ರಿ ನೆನೆಹಾಕಿ, 100 ಗ್ರಾಂ ಮೆಂತ್ಯ ಬೇರೆ ನೆನೆಹಾಕಿ, ಬೆಳಿಗ್ಗೆ ಎರಡೂ ಸೇರಿಸಿ ನುಣ್ಣಗೆ ರುಬ್ಬಿ. ಒಂದು ಸಲಕ್ಕೆ 5 ಮಿ.ಮೀ.ಗಿಂತ ದಪ್ಪ ಬಳಿಯಬೇಡಿ. ದಪ್ಪ ಬಳಿದರೆ ಮೇಲೆ ಒಣಗಿ ಒಳಗೆ ಹಸಿ ಉಳಿದು ವಾಸನೆ ಬರುತ್ತೆ. ಬಿಸಿಲಿಲ್ಲದಿದ್ದರೆ ಒಲೆ ಮೇಲಿನ ಅಟ್ಟದಲ್ಲಿ ಹೊಗೆಗೆ ಇಡಿ.

ಸಾಗರದ_ಕಡೆ
ಅಂಟಿಗೆ ಒಂದು ಚಿಟಿಕೆ ಮೈಲುತುತ್ತು ಹಾಕಿದರೆ ಆಯ್ತಪ್ಪ. ಕೊಳೆ ಔಷಧಿಗೆ ತಂದದ್ದು ಎಲ್ಲರ ಮನೇಲೂ ಇರುತ್ತೆ.

ಲೆಕ್ಕದ_ಮೇಡಂ
ಮಕ್ಕಳು ಬರಿಗೈಯಲ್ಲಿ ಕಲಸುವ ಅಂಟಿಗೆ ಮೈಲುತುತ್ತು ಬೇಡವೇ ಬೇಡ. ಅದು ವಿಷ. ಕಣ್ಣಿಗೆ ಹೋದರೆ ದೊಡ್ಡ ತೊಂದರೆ. ಪೂರ್ತಿ ಒಣಗಿಸಿ ಮೇಲೆ ಎರಡು ಕೋಟ್ ವಾರ್ನಿಷ್ ಹೊಡೆದರೆ ಸಾಕು.

ಆಗುಂಬೆ_ಮಳೆ
ಹೌದು, ಮೇಡಂ ಹೇಳಿದ್ದೇ ಸರಿ. ವಾರ್ನಿಷ್ ಒಳಗಡೆಗೂ ಬೇಕು. ಹೊರಗೆ ಮಾತ್ರ ಹೊಡೆದರೆ ಒಳಗಿನಿಂದ ತೇವ ಎಳೆಯುತ್ತೆ.

ಕೀಲು_ಬೋಲ್ಟು
ಈಗ ಬಾಯಿ. ಇಡೀ ಮೀನಿನಲ್ಲಿ ಚೆಂದದ ಭಾಗ ಇದೇ, ದಯವಿಟ್ಟು ಬರೀ ಕೆಳದವಡೆಗೆ ಒಂದು ಕೀಲು ಹಾಕಿ ಮುಗಿಸಬೇಡಿ. ನಮ್ಮ ಬಾಯಿ ತೆರೆದರೆ ಕೆಳದವಡೆ ಒಂದೇ ಇಳಿಯುತ್ತೆ. ಈ ಮೀನಿಗೆ ತಲೆಯ ಕವಚವೂ ಎದೆಯ ಕವಚವೂ ಕತ್ತಿನ ಎರಡು ಬದಿ ಕೀಲಿನಲ್ಲಿ ಕೂಡಿಕೊಂಡಿದ್ದವು. ಬಾಯಿ ತೆರೆಯುವಾಗ ತಲೆ ಮೇಲೇಳುತ್ತಿತ್ತು, ಅದೇ ಹೊತ್ತಿಗೆ ದವಡೆ ಇಳಿಯುತ್ತಿತ್ತು. 2007ರಲ್ಲಿ ಫಿಲಿಪ್ ಆಂಡರ್ಸನ್ ಮತ್ತು ಮಾರ್ಕ್ ವೆಸ್ಟ್‌ನೀಟ್ ಇದನ್ನು ನಾಲ್ಕು ತೋಳಿನ ಯಂತ್ರವಾಗಿ ಲೆಕ್ಕ ಹಾಕಿ ತೋರಿಸಿದರು.

ನಾಲ್ಕು ತೋಳು ಯಾವುವು ಅಂದ್ರೆ: ಎದೆಯ ಕವಚ (ಅಲ್ಲಾಡದ್ದು), ತಲೆ, ಕೆಳದವಡೆ, ಮತ್ತು ಎದೆಯ ಕೆಳಭಾಗದಿಂದ ದವಡೆಗೆ ಹೋಗೋ ಒಂದು ಸ್ನಾಯು. ತಲೆ ಎದ್ದಾಗ ದವಡೆಯ ಕೀಲು ಮುಂದಕ್ಕೆ ಸರಿಯುತ್ತೆ. ಆ ಸ್ನಾಯು ಉದ್ದ ಆಗಲ್ಲ, ಹಾಗಾಗಿ ದವಡೆಯ ಮೂತಿಯನ್ನು ಕೆಳಕ್ಕೆ ಎಳೆಯುತ್ತೆ.

ಮೊದಲು ದಪ್ಪ ರಟ್ಟಿನಲ್ಲಿ ಚಪ್ಪಟೆ ಮಾದರಿ ಮಾಡಿ. ಅಳತೆ ಬರ್ಕೊಳ್ಳಿ:
ದವಡೆಯ ಕೀಲು ಕತ್ತಿನ ಕೀಲಿಗಿಂತ 15 ಸೆಂ.ಮೀ. ಕೆಳಗೆ, 5 ಸೆಂ.ಮೀ. ಮುಂದೆ.
ದವಡೆ 35 ಸೆಂ.ಮೀ. ಅದರಲ್ಲಿ ಕೀಲಿನಿಂದ 30 ಸೆಂ.ಮೀ. ದೂರಕ್ಕೆ ತಂತಿಯ ತೂತು.
ಎದೆ ತುಂಡಿನ ಮೇಲೆ, ದವಡೆಯ ಕೀಲಿಗಿಂತ 20 ಸೆಂ.ಮೀ. ಹಿಂದೆ, 10 ಸೆಂ.ಮೀ. ಕೆಳಗೆ ತಂತಿಯ ಇನ್ನೊಂದು ತುದಿ.
ಬಾಯಿ ಮುಚ್ಚಿ ದವಡೆ ಮಟ್ಟವಾಗಿದ್ದಾಗ ತಂತಿ 51 ಸೆಂ.ಮೀ. ಬರುತ್ತೆ.
ಈ ಅಳತೆಗೆ ತಲೆ 20 ಡಿಗ್ರಿ ಎತ್ತಿದರೆ ದವಡೆ ಹತ್ತಿರ ಹತ್ತಿರ 30 ಡಿಗ್ರಿ ಇಳಿಯುತ್ತೆ. ಒಟ್ಟು ಬಾಯಿ 50 ಡಿಗ್ರಿ. ಇವು ಮಾದರಿಗೆ ಹೊಂದಿಸಿದ ಅಳತೆ, ಮೂಳೆಯ ಅಳತೆ ಅಲ್ಲ.

ಕೀಲಿಗೆ 4 ಮಿ.ಮೀ. ಬೋಲ್ಟು, ಎರಡೂ ಕಡೆ ವಾಷರ್, ನಟ್ಟು ಎರಡು ಹಾಕಿ ಒಂದನ್ನೊಂದಕ್ಕೆ ಬಿಗಿ ಮಾಡಿ. ಒಂದೇ ನಟ್ಟಾದರೆ ಆಡಿಸುತ್ತಾ ಆಡಿಸುತ್ತಾ ಸಡಿಲ ಆಗುತ್ತೆ. ಸ್ನಾಯುವಿನ ಜಾಗಕ್ಕೆ ನೈಲಾನ್ ದಾರ ಹಾಕಬೇಡಿ, ಹಿಗ್ಗುತ್ತೆ. ಬೈಕಿನ ಹಳೇ ಕ್ಲಚ್ ಕೇಬಲ್ಲಿನ ಒಳತಂತಿ ಸರಿ.

ಹೊಸನಗರ_ವಿಜ್ಞಾನ
@ಕೀಲು_ಬೋಲ್ಟು ಸರ್, ರಟ್ಟಿನ ಮಾದರಿ ಮಕ್ಕಳು ಕಟ್ಟಿದರು. ತಲೆ ಎತ್ತಿದರೆ ದವಡೆ ಇಳಿಯೋ ಬದಲು ಮೇಲಕ್ಕೇ ಬಂದು ತಲೆಗೆ ಗುದ್ದುತ್ತಿದೆ. ಬೋಲ್ಟು ಬಿಗಿ ಇಲ್ಲ, ಸಲೀಸಾಗಿ ತಿರುಗುತ್ತೆ.

ಕೀಲು_ಬೋಲ್ಟು
ಎದೆಯ ಮೇಲಿನ ತಂತಿ ತುದಿ ದವಡೆಯ ಕೀಲಿಗಿಂತ ಮೇಲೆ ಬಿದ್ದಿದೆ. ಆ ಬಿಂದು ಕೀಲಿಗಿಂತ ಕೆಳಗಿದ್ದರೆ ತಂತಿ ದವಡೆಯನ್ನು ಕೆಳಕ್ಕೆ ಎಳೆಯುತ್ತೆ, ಮೇಲಿದ್ದರೆ ಮೇಲಕ್ಕೆ. ಒಂದೇ ಮಟ್ಟದಲ್ಲಿದ್ದರೆ ಎತ್ತ ಹೋಗಬೇಕು ಅಂತ ಗೊತ್ತಾಗದೆ ಅಲ್ಲೇ ಸಿಕ್ಕಿಹಾಕಿಕೊಳ್ಳುತ್ತೆ. 10 ಸೆಂ.ಮೀ. ಕೆಳಗೆ ಹೊಸ ತೂತು ಮಾಡಿ.

ಹೊಸನಗರ_ವಿಜ್ಞಾನ
ಆಯ್ತು, ಈಗ ಇಳೀತಿದೆ. ಮುಚ್ಚೋದಕ್ಕೆ?

ಕೀಲು_ಬೋಲ್ಟು
ತಲೆಯ ಒಳಭಾಗದಿಂದ ದವಡೆಗೆ, ಕೀಲಿನಿಂದ 8 ಸೆಂ.ಮೀ. ಮುಂದೆ, ಹಳೇ ಸೈಕಲ್ ಟ್ಯೂಬಿನ ಪಟ್ಟಿ. ನಿಜವಾದ ಮೀನಿನಲ್ಲೂ ಕಚ್ಚೋ ಸ್ನಾಯು ಅಲ್ಲೇ ತಲೆಯ ಒಳಗೇ ಇತ್ತು. ಎತ್ತೋದಕ್ಕೆ ಹಗ್ಗ ಕತ್ತಿನ ಕೀಲಿನ ಮೇಲ್ಗಡೆಯಿಂದ ಹಿಂದಕ್ಕೆ ಹೋಗಲಿ.

ಗಾಜನೂರು
ಬಾಯಿ ಎಷ್ಟು ಬೇಗ ತೆರೀತಿತ್ತು? ಕಚ್ಚಿದರೆ ಎಷ್ಟು ಬಲ? ಫಲಕದ ಮೇಲೆ ಬರೆಯೋಕೆ ಚೆನ್ನಾಗಿರುತ್ತೆ.

ಮೂಳೆಮೀನು
ತೆರೆಯೋಕೆ 20 ಮಿಲಿಸೆಕೆಂಡ್, ಅಂದರೆ ಸೆಕೆಂಡಿನ ಐವತ್ತನೇ ಒಂದು ಭಾಗ. ಅಷ್ಟು ಬೇಗ ತೆರೆದಾಗ ನೀರು ಒಳಕ್ಕೆ ನುಗ್ಗುತ್ತೆ, ಎದುರಿಗಿದ್ದ ಬೇಟೆಯೂ ಅದರ ಜೊತೆ ಬರುತ್ತೆ. ಬಲ 2007ರ ಲೆಕ್ಕದಲ್ಲಿ ದವಡೆಯ ತುದಿಯಲ್ಲಿ 4,400 ನ್ಯೂಟನ್, ಹಿಂದಿನ ಅಂಚಿನಲ್ಲಿ 5,300. ಅದೇ ಆಂಡರ್ಸನ್, ವೆಸ್ಟ್‌ನೀಟ್ 2009ರಲ್ಲಿ ಪರಿಷ್ಕರಿಸಿ 6,000 ಮತ್ತು 7,400 ಅಂದರು. 6,000 ನ್ಯೂಟನ್ ಅಂದರೆ 600 ಕೆ.ಜಿ. ಭಾರ ಒಂದು ಮೊನೆಯ ಮೇಲೆ ಕೂತ ಹಾಗೆ. ಫಲಕದಲ್ಲಿ ‘ಕಂಪ್ಯೂಟರ್ ಮಾದರಿಯ ಅಂದಾಜು’ ಅಂತ ಸೇರಿಸಿ.

ಹಲ್ಲಿನ ವಿಷಯ: ಇದಕ್ಕೆ ಶಾರ್ಕ್ ಥರ ಸಾಲು ಹಲ್ಲು ಇಡಬೇಡಿ! ದವಡೆಯ ಮೂಳೆಯೇ ಮುಂದೆ ಎರಡು ಕೋರೆ, ಹಿಂದೆ ಅಲಗು. ಮೇಲಿನ ಅಲಗು ಕೆಳಗಿನದನ್ನು ಅಡಕತ್ತರಿಯಂತೆ ಉಜ್ಜಿಕೊಂಡು ಹೋಗ್ತಿತ್ತು, ಉಜ್ಜಿದಷ್ಟೂ ತಾನೇ ಹರಿತ. ಅದಕ್ಕೇ ಕೆಳಗಿನ ಅಲಗು ಮೇಲಿನದರ ಒಳಬದಿಗೆ ಬರಬೇಕು, ಎದುರುಬದುರು ಕೂರಬಾರದು.

ತುಂಗಾದಂಡೆ
ಇದರ ಕವಚದ ಮೇಲೆ ಇದರದ್ದೇ ಜಾತಿಯ ಮೀನು ಕಚ್ಚಿದ ಗುರುತು ಸಿಕ್ಕಿದೆ, ಅದನ್ನೂ ಒಂದು ಕಡೆ ತೋರಿಸಬಹುದು. ಎಡಗಡೆ ಎದೆಯ ಹಲಗೆ ಮೇಲೆ ಒಂದು ಗುಳಿ.

ಬೈಂದೂರು_ಘಾಟಿ
ಅಷ್ಟು ದೂರ ಯಾಕೆ? ಮೊನ್ನೆ ವಾಟ್ಸಾಪಲ್ಲಿ ಬಂತಲ್ಲ, ಹೊಳೇಲಿ ಕವಚದ ಮೀನು ಸಿಕ್ಕಿದೆ ಅಂತ. ಮೈಯೆಲ್ಲ ಮುಳ್ಳು ಮುಳ್ಳು ಹಲಗೆ. ಅದು ಇದರ ವಂಶವೇ ಅಲ್ದಾ?

ತುಂಗಾದಂಡೆ
ಅಲ್ಲ. ಅದು ಸಕ್ಕರ್ ಮೀನು. ದಕ್ಷಿಣ ಅಮೆರಿಕದ್ದು. ಗಾಜಿನ ತೊಟ್ಟಿಯಲ್ಲಿ ಪಾಚಿ ತಿನ್ನಲಿ ಅಂತ ತಂದು, ದೊಡ್ಡದಾದ ಮೇಲೆ ಕೆರೆ ಹೊಳೆಗೆ ಬಿಡ್ತಾರೆ. ಗುರುತು ಸುಲಭ. ಸಕ್ಕರ್ ಮೀನಿಗೆ ಸಣ್ಣ ಹಲಗೆಗಳು ಸಾಲಾಗಿ ಬಾಲದ ಬುಡದವರೆಗೂ ಇರುತ್ತವೆ. ಡಂಕ್ಲಿಯೋಸ್ಟಿಯಸ್‌ಗೆ ದೊಡ್ಡ ದೊಡ್ಡ ಹಲಗೆ, ಮುಂಭಾಗಕ್ಕೆ ಮಾತ್ರ, ಹಿಂದೆ ಬರಿಮೈ. ಎರಡಕ್ಕೂ ಕವಚ ಬೇರೆ ಬೇರೆಯಾಗಿ ಬಂದದ್ದು. ಅದನ್ನು ಹಿಡಿದರೆ ದಯವಿಟ್ಟು ವಾಪಸ್ ನೀರಿಗೆ ಬಿಡಬೇಡಿ. ದಂಡೆಯಲ್ಲಿ ಬಿಲ ತೋಡಿ ಮೊಟ್ಟೆ ಇಡುತ್ತೆ, ದಂಡೆ ಕುಸಿಯುತ್ತೆ, ನಮ್ಮ ಮೀನಿನ ಮೇವೂ ಹೋಗುತ್ತೆ.

ಬೈಂದೂರು_ಘಾಟಿ
ಹಾಗಾದ್ರೆ ತೀರ್ಥಹಳ್ಳಿ ಹತ್ರ ಛಿಬ್ಬಲಗುಡ್ಡೆ ಮತ್ಸ್ಯಧಾಮದ ದೊಡ್ಡ ಮೀನುಗಳ ಮೈಮೇಲಿರೋದು?

ಮೂಳೆಮೀನು
ಅದು ಹುರುಪೆ. ಚರ್ಮದೊಳಗಿಂದ ಬರೋ ತೆಳು ಬಿಲ್ಲೆ, ಒಂದರ ಮೇಲೊಂದು ಕೂರುತ್ತೆ, ಉದುರಿದರೆ ಹೊಸದು ಬರುತ್ತೆ. ಕವಚದ್ದು ಗಟ್ಟಿ ಮೂಳೆ ಹಲಗೆ, ಡಂಕ್ಲಿಯೋಸ್ಟಿಯಸ್‌ನಲ್ಲಿ ಕೆಲವು ಕಡೆ 5 ಸೆಂ.ಮೀ.ವರೆಗೂ ದಪ್ಪ.

ಶಿಲಾಪದರ
ನಾಲ್ಕನೇ ಪ್ರಶ್ನೆಗೆ ಬರೋಣ. ಶಿವಮೊಗ್ಗ ಜಿಲ್ಲೆಯಲ್ಲಿ ಕವಚದ ಮೀನಿನ ಪಳೆಯುಳಿಕೆ ಸಿಗುವುದಿಲ್ಲ. ಹುಡುಕಲೂ ಬೇಡಿ. ಈ ಮೀನು ಬದುಕಿದ್ದು 38.2ರಿಂದ 35.8 ಕೋಟಿ ವರ್ಷಗಳ ಹಿಂದೆ, ಡೆವೋನಿಯನ್ ಯುಗದ ಕೊನೆಯಲ್ಲಿ. ನಮ್ಮ ಕಾಲಡಿಯ ಬಂಡೆ ಧಾರವಾಡ ಶಿಲಾಸ್ತೋಮದ್ದು, 250 ಕೋಟಿ ವರ್ಷಕ್ಕಿಂತ ಹಳೆಯದು. ಆ ಬಂಡೆ ಆಗುವಾಗ ಮೀನಿರಲಿ, ಮೂಳೆ ಅನ್ನುವುದೇ ಭೂಮಿಯ ಮೇಲೆ ಇರಲಿಲ್ಲ. ಅದರ ಮೇಲಿನ ಜಂಬಿಟ್ಟಿಗೆ ಬಂಡೆ ಕೊಳೆತು ಆದದ್ದು, ಅದರಲ್ಲೂ ಮೂಳೆ ಉಳಿಯದು. ಭಾರತದಲ್ಲಿ ಡೆವೋನಿಯನ್ ಬಂಡೆ ನೋಡಬೇಕಾದರೆ ಹಿಮಾಲಯಕ್ಕೆ, ಸ್ಪಿತಿ ಕಡೆಗೆ ಹೋಗಬೇಕು.

ಪಕ್ಕದಲ್ಲಿಡಲು ಬೇರೆ ಒಂದಿದೆ. ಕುಂಸಿ ಸುತ್ತಿನ ಹಳೆಯ ಸುಣ್ಣಕಲ್ಲು, ಡೋಲಮೈಟ್ ಪದರಗಳಲ್ಲಿ ಸ್ಟ್ರೊಮಾಟೊಲೈಟ್ ಇದೆ. ಸೂಕ್ಷ್ಮಜೀವಿಗಳು ಪದರ ಪದರವಾಗಿ ಕಟ್ಟಿದ ಗುಮ್ಮಟ. ಮೀನಿಗಿಂತ 200 ಕೋಟಿ ವರ್ಷಕ್ಕೂ ಹಳೆಯದು. ಫೋಟೊ ಹಿಡಿದು, ಅಳತೆಗೆ ಪಕ್ಕದಲ್ಲೊಂದು ಸ್ಕೇಲ್ ಇಟ್ಟು, ದೊಡ್ಡದಾಗಿ ಮುದ್ರಿಸಿ. ಕಲ್ಲು ಒಡೆದು ತರಬೇಡಿ.

ಸಾಗರದ_ಕಡೆ
ಜರಿಗಿಡದ ಅಚ್ಚು ಇರೋ ಕಲ್ಲು ನಮ್ಮ ಕಡೆ ಸಿಗುತ್ತಲ್ಲ ಸರ್, ಅದು?

ಶಿಲಾಪದರ
ಅದು ಗಿಡವಲ್ಲ. ಬಿರುಕಿನಲ್ಲಿ ಇಳಿದ ನೀರು ಬಿಟ್ಟ ಮ್ಯಾಂಗನೀಸ್ ಕಲೆ. ಕುಂಸಿಯಲ್ಲಿ ಮ್ಯಾಂಗನೀಸ್ ಗಣಿಯೇ ಇತ್ತು, ಆ ಭಾಗದಲ್ಲಿ ಇಂಥದ್ದು ಸಹಜ. ಮಸೂರ ಹಿಡಿದು ನೋಡಿ: ನಿಜವಾದ ಜರಿಯಾದರೆ ಎಲೆಯ ನಡುನರ ಕಾಣಬೇಕು, ಇದರಲ್ಲಿ ಕವಲು ಮಾತ್ರ ಇರುತ್ತದೆ. ಇದನ್ನೂ ಪಕ್ಕದಲ್ಲಿಡಿ, ‘ಪಳೆಯುಳಿಕೆ ಅಲ್ಲ’ ಅಂತ ಬರೆದು. ಮಕ್ಕಳಿಗೆ ಇದರಿಂದ ಕಲಿಯಲು ಬಹಳ ಇದೆ.

ಗಾಜನೂರು
ಹಾಗಾದರೆ ಡಂಕ್ಲಿಯೋಸ್ಟಿಯಸ್ ಮೂಳೆ ಸಿಕ್ಕಿದ್ದೆಲ್ಲಿ? ಬಂಡೆಯಿಂದ ಬಿಡಿಸೋದು ಹೇಗೆ?

ಶಿಲಾಪದರ
ಅತಿ ಹೆಚ್ಚು ಸಿಕ್ಕಿದ್ದು ಅಮೆರಿಕದ ಓಹಾಯೋ ರಾಜ್ಯದ ಕ್ಲೀವ್‌ಲ್ಯಾಂಡ್ ಶೇಲ್ ಎಂಬ ಕಪ್ಪು ಪದರಗಲ್ಲಿನಲ್ಲಿ. 1867ರಲ್ಲಿ ಜೇ ಟೆರೆಲ್ ಎಂಬವರು ಎರಿ ಸರೋವರದ ದಂಡೆಯಲ್ಲಿ ಮೊದಲು ಕಂಡರು. ಆಗ ಅದನ್ನು ಡಿನಿಕ್ತಿಸ್ ಕುಲಕ್ಕೆ ಸೇರಿಸಿದ್ದರು. 1956ರಲ್ಲಿ ಜಾನ್-ಪಿಯೆರ್ ಲೆಮಾನ್ ಬೇರೆ ಕುಲ ಮಾಡಿ, ಕ್ಲೀವ್‌ಲ್ಯಾಂಡ್ ವಸ್ತುಸಂಗ್ರಹಾಲಯದ ಡೇವಿಡ್ ಡಂಕಲ್ ಹೆಸರಿಟ್ಟರು. 2020ರಲ್ಲಿ ಓಹಾಯೋ ಇದನ್ನು ರಾಜ್ಯದ ಪಳೆಯುಳಿಕೆ ಮೀನು ಎಂದು ಘೋಷಿಸಿತು.

ಬಿಡಿಸುವ ವಿಧಾನ ಬಂಡೆಯ ಮೇಲೆ ಹೋಗುತ್ತದೆ. ಆಸ್ಟ್ರೇಲಿಯಾದ ಗೋಗೋ ಎಂಬಲ್ಲಿನ ಕವಚದ ಮೀನುಗಳು ಸುಣ್ಣಕಲ್ಲಿನ ಉಂಡೆಯೊಳಗೆ ಇರುತ್ತವೆ. ಅದನ್ನು ತೆಳು ಅಸಿಟಿಕ್ ಆಮ್ಲದಲ್ಲಿ ಇಡುತ್ತಾರೆ, ಅಂದರೆ ವಿನೆಗರ್‌ನಲ್ಲಿರುವ ಆಮ್ಲವೇ. ಸುಣ್ಣ ಕರಗುತ್ತದೆ, ಮೂಳೆಯ ಫಾಸ್ಫೇಟ್ ಅಷ್ಟು ಬೇಗ ಕರಗದು. ಸ್ವಲ್ಪ ಮೂಳೆ ಹೊರಬಂದ ಕೂಡಲೇ ತೆಗೆದು, ನೀರಿನಲ್ಲಿ ಬಹಳ ಹೊತ್ತು ತೊಳೆದು, ಒಣಗಿಸಿ, ಹೊರಬಂದ ಮೂಳೆಗೆ ಅಸಿಟೋನ್‌ನಲ್ಲಿ ಕರಗಿಸಿದ ತೆಳು ಅಂಟು ಬಳಿದು, ಮತ್ತೆ ಆಮ್ಲಕ್ಕೆ. ಹೀಗೆ ತಿಂಗಳುಗಟ್ಟಲೆ. ತೊಳೆಯುವುದು ಕಡಿಮೆಯಾದರೆ ಉಳಿದ ಲವಣ ಹರಳುಗಟ್ಟಿ ಮೂಳೆಯನ್ನು ಒಳಗಿನಿಂದ ಒಡೆಯುತ್ತದೆ. ಕ್ಲೀವ್‌ಲ್ಯಾಂಡ್ ಕಲ್ಲಿಗೆ ಈ ವಿಧಾನ ನಡೆಯದು. ಅದು ಜೇಡಿಯ ಪದರ, ಆಮ್ಲಕ್ಕೆ ಕರಗುವುದಿಲ್ಲ. ಸೂಜಿ, ಸಣ್ಣ ಉಳಿಯಲ್ಲೇ ಕೆರೆಯಬೇಕು.

ಆಗುಂಬೆ_ಮಳೆ
ಆ ಕಪ್ಪು ಕಲ್ಲಿನಲ್ಲಿ ಪೈರೈಟ್ (ಕಬ್ಬಿಣ, ಗಂಧಕ ಸೇರಿದ ಖನಿಜ) ಇರುತ್ತೆ ಅಲ್ವಾ? ನಮ್ಮ ಹವೆಗೆ ತಂದಿಟ್ಟರೆ ಏನಾಗುತ್ತೆ?

ಶಿಲಾಪದರ
ಹಾಳಾಗುತ್ತದೆ. ತೇವ ಮತ್ತು ಗಾಳಿ ಸೇರಿದರೆ ಪೈರೈಟ್ ಗಂಧಕಾಮ್ಲವಾಗಿ, ಬಿಳಿ-ಹಳದಿ ಪುಡಿ ಏಳುತ್ತದೆ, ಮೂಳೆ ಬಿರಿಯುತ್ತದೆ. ಇಂಥದ್ದನ್ನು ಒಣಗಿದ ಹವೆಯ ಪೆಟ್ಟಿಗೆಯಲ್ಲೇ ಇಡಬೇಕು. ಮಲೆನಾಡಿನ ಆಷಾಢ ಅದಕ್ಕೆ ಸಾವು.

ಲೆಕ್ಕದ_ಮೇಡಂ
11 ಅಡಿಯ ಮೀನು ಹತ್ತು ಹನ್ನೆರಡು ಮಕ್ಕಳಿಗೆ ಕೆಲಸ ಕೊಡುತ್ತದೆ. ಉಳಿದವರಿಗೆ? ಸಣ್ಣ ಕವಚದ ಮೀನು ಯಾವುದಾದರೂ ಇದ್ದರೆ ಹೇಳಿ.

ಮೂಳೆಮೀನು
ಬಾತ್ರಿಯೋಲೆಪಿಸ್! ಇದೇ ಕಾಲದ, ಇದೇ ದೊಡ್ಡ ಗುಂಪಿನ ಮೀನು. ಅಂಟಾರ್ಕ್ಟಿಕಾ ಸೇರಿ ಎಲ್ಲ ಖಂಡದಲ್ಲೂ ಸಿಕ್ಕಿದೆ. ಹೆಚ್ಚಿನವು ಸುಮಾರು 30 ಸೆಂ.ಮೀ., ಒಬ್ಬೊಬ್ಬರು ಒಂದೊಂದು ಪೂರ್ಣ ಗಾತ್ರದ್ದೇ ಮಾಡಬಹುದು. ಕೆನಡಾದಲ್ಲಿ ಸಿಕ್ಕಿ 2016ರಲ್ಲಿ ಹೆಸರು ಪಡೆದ ಒಂದು ಜಾತಿ ಮಾತ್ರ 1.7 ಮೀಟರ್.

ಆಕಾರ: ಚಪ್ಪಟೆ ಹೊಟ್ಟೆ, ಉಬ್ಬಿದ ಬೆನ್ನು, ಪೆಟ್ಟಿಗೆಯಂಥ ಎದೆ. ಕಣ್ಣು ಎರಡೂ ತಲೆಯ ನೆತ್ತಿಯ ಮೇಲೆ ಒಂದೇ ತೂತಿನಲ್ಲಿ ಅಕ್ಕಪಕ್ಕ. ಮಕ್ಕಳು ಬದಿಗೆ ಇಡ್ತಾರೆ, ಮೊದಲೇ ಹೇಳಿ. ಬಾಯಿ ಅಡಿಯಲ್ಲಿ. ಎದೆಯ ಎರಡು ಬದಿ ಕವಚ ತೊಟ್ಟ ಕೈಯಂಥ ರೆಕ್ಕೆ, ಬುಡದಲ್ಲೊಂದು ನಡುವಲ್ಲೊಂದು ಕೀಲು. ಹಿಂದೆ ಬರಿಮೈ, ಮೇಲಕ್ಕೆ ತಿರುಗಿದ ಬಾಲ.

ಅಡಿಕೆಹಾಳೆ
ಒಂದು ಮೀನಿಗೆ ಒಂದೇ ಹಾಳೆ ಸಾಕು ಹಂಗಾದ್ರೆ. ಹೊಟ್ಟೆಗೆ ಚಪ್ಪಟೆ ಭಾಗ, ಬೆನ್ನಿಗೆ ಬಾಗಿದ ಭಾಗ, ತೆಂಗಿನಕಡ್ಡಿ ಚುಚ್ಚಿ ಹೊಲಿಗೆ. ಕೈಯ ಕೀಲಿಗೆ ದಪ್ಪ ನೂಲು ಗಂಟು.

ತುಂಗಾದಂಡೆ
ಬಾತ್ರಿಯೋಲೆಪಿಸ್‌ಗೆ ಶ್ವಾಸಕೋಶ ಇತ್ತು ಅಂತ ಓದಿದ ನೆನಪು. ಒಳಗೆ ಎರಡು ಬಲೂನ್ ಇಡಬಹುದಾ?

ಮೂಳೆಮೀನು
ಇಡಬೇಡಿ. 1941ರಲ್ಲಿ ರಾಬರ್ಟ್ ಡೆನಿಸನ್ ಹಾಗಂದಿದ್ದರು, ಕವಚದೊಳಗೆ ತುಂಬಿದ ಕೆಸರಿನ ಆಕಾರ ನೋಡಿ. 2011ರಲ್ಲಿ ಡೇನಿಯಲ್ ಗೂಜೆ ಅದನ್ನು ಒಪ್ಪಲು ಆಧಾರ ಇಲ್ಲ ಅಂತ ತೋರಿಸಿದರು. ಒಳ ಅಂಗವೇ ತೋರಿಸಬೇಕಾದರೆ ಹೃದಯ ತೋರಿಸಿ. 2022ರಲ್ಲಿ ಗೋಗೋದ ಆರ್ಥ್ರೋಡೈರ್ ಮೀನಿನಲ್ಲಿ ಕಲ್ಲಾದ ಹೃದಯ ಸಿಕ್ಕಿತು, 38 ಕೋಟಿ ವರ್ಷದ್ದು. ಅದೇ ಗೋಗೋದ ಮಾಟರ್‌ಪಿಸಿಸ್ ಎಂಬ ಕವಚದ ಮೀನಿನ ಹೊಟ್ಟೆಯಲ್ಲಿ ಹೊಕ್ಕುಳಬಳ್ಳಿ ಸಮೇತ ಮರಿ ಇತ್ತು, 2008ರಲ್ಲಿ ಪ್ರಕಟವಾಯಿತು.

ಹೊಸನಗರ_ವಿಜ್ಞಾನ
ಬಾತ್ರಿಯೋಲೆಪಿಸ್ ಖಂಡಿತ ಮಾಡಿಸ್ತೀನಿ. ಬಣ್ಣ ಹೇಗೆ? ಮಕ್ಕಳು ಹಸಿರು ಪಟ್ಟೆ ಅಂತಿದ್ದಾರೆ.

ಮೂಳೆಮೀನು
ನನ್ನ ಬಲವಾದ ಅಭಿಪ್ರಾಯ: ಡಂಕ್ಲಿಯೋಸ್ಟಿಯಸ್ ಇಡೀ ಮೀನಿಗೆ ಒಂದೇ ಬಣ್ಣ ಬೇಡ. ಮೂಳೆ ಸಿಕ್ಕಿರೋ ಭಾಗಕ್ಕೆ ಮೂಳೆ ಬಣ್ಣ, ಗಟ್ಟಿಯಾಗಿ. ಹಿಂದಿನ ಮೈಗೆ ಬಣ್ಣವೇ ಬೇಡ, ಪಂಚೆಯ ಮೇಲೆ ಬಿಳಿ ಮಾತ್ರ. ಎಲ್ಲಿವರೆಗೆ ಗೊತ್ತು, ಎಲ್ಲಿಂದ ಊಹೆ ಅಂತ ದೂರದಿಂದಲೇ ಕಾಣಬೇಕು.

ಗಾಜನೂರು
ಅರ್ಧ ಮೀನು ಬಿಳಿ ಬಿಟ್ಟರೆ ಕೆಲಸ ಮುಗಿದಿಲ್ಲ ಅಂತಾರೆ ನೋಡೋರು. ಬಹುಮಾನವೂ ಹೋಗುತ್ತೆ.

ಲೆಕ್ಕದ_ಮೇಡಂ
ನನಗೆ ಬಿಳಿಯೇ ಇಷ್ಟ. ಗಡಿಯಲ್ಲಿ ಕೆಂಪು ಗೆರೆ ಎಳೆದು ‘ಇಲ್ಲಿವರೆಗೆ ಮೂಳೆ ಸಿಕ್ಕಿದೆ’ ಅಂತ ದೊಡ್ಡದಾಗಿ ಬರೆಯಿರಿ. ಪ್ರಶ್ನೆ ಕೇಳಲು ಬರುವ ತೀರ್ಪುಗಾರರಿಗೆ ಮಕ್ಕಳು 11 ಅಡಿ, 30 ಅಡಿಯ ಜಗಳವನ್ನೇ ಅಲ್ಲಿ ನಿಂತು ವಿವರಿಸಬಹುದು.

ತುಂಗಾದಂಡೆ
ಬೇಕಾದರೆ ಹಿಂದಿನ ಗೋಡೆ ಮೇಲೆ ಹಳೇ 9 ಮೀಟರಿನ ಮೈಯನ್ನು ಚುಕ್ಕಿ ಗೆರೆಯಲ್ಲಿ ಬರೀರಿ. ಎರಡೂ ಪಕ್ಕಪಕ್ಕ ಕಂಡರೆ ಜನಕ್ಕೆ ಅರ್ಥ ಆಗುತ್ತೆ.

ಕೀಲು_ಬೋಲ್ಟು
ತೂಗುಹಾಕೋದಾದರೆ ಎಚ್ಚರ. ಹಂಚಿನ ಮಾಡಾದರೆ ರೀಪಿಗೆ ಕಟ್ಟಬೇಡಿ, ರೀಪು ಹಂಚಿನ ಭಾರಕ್ಕೆ ಮಾತ್ರ. ತೊಲೆಗೇ ಕಟ್ಟಿ. ಭಾರ ಎಲ್ಲ ಮುಂದಿದೆ, ನಡುವಲ್ಲಿ ಹಗ್ಗ ಹಾಕಿದರೆ ಮೂತಿ ಕೆಳಗಾಗುತ್ತೆ. ಒಂದು ಹಗ್ಗ ಎದೆಯ ಕವಚದ ನೆತ್ತಿಯಲ್ಲಿ, ಒಂದು ಬಾಲದ ಬುಡದಲ್ಲಿ. ತಲೆಗೆ ಹಗ್ಗ ಕಟ್ಟಿದರೆ ಬಾಯಿ ಆಡಲ್ಲ, ತಲೆ ಮೇಲೇಳಬೇಕಲ್ಲ.

ಬೈಂದೂರು_ಘಾಟಿ
ಇಷ್ಟು ಬಲದ ಮೀನು ಹೋಗಿದ್ದು ಹೇಗೆ ಮತ್ತೆ? ಶಾರ್ಕ್ ತಿಂದಿತಾ?

ಶಿಲಾಪದರ
ಅಲ್ಲ. ಡೆವೋನಿಯನ್ ಕೊನೆಯಲ್ಲಿ, ಸುಮಾರು 35.9 ಕೋಟಿ ವರ್ಷಗಳ ಹಿಂದೆ, ಹ್ಯಾಂಗನ್‌ಬರ್ಗ್ ಎಂಬ ಸಾಮೂಹಿಕ ಅಳಿವು ಆಯಿತು. ಸಮುದ್ರದ ತಳದಲ್ಲಿ ಆಮ್ಲಜನಕ ಇಲ್ಲದಾದ ಗುರುತು ಆ ಕಾಲದ ಕಪ್ಪು ಪದರಗಳಲ್ಲಿ ಇದೆ. ಕವಚದ ಮೀನಿನ ಇಡೀ ಗುಂಪೇ ಅಲ್ಲಿಗೆ ಮುಗಿಯಿತು, ದೊಡ್ಡದೂ ಚಿಕ್ಕದೂ. ಶಾರ್ಕ್‌ಗಳ ಪೂರ್ವಜರು ಅದೇ ನೀರಿನಲ್ಲಿ ಜೊತೆಗೇ ಇದ್ದವು, ಉಳಿದುಕೊಂಡವು.

ಹೊಸನಗರ_ವಿಜ್ಞಾನ
ಕೊನೆಯ ಪ್ರಶ್ನೆ. ವಸ್ತುಪ್ರದರ್ಶನ ಇರೋದು ಶಿವಮೊಗ್ಗದಲ್ಲಿ. 11 ಅಡಿ ಮೀನನ್ನು ಸಾಗಿಸೋದು ಹೇಗೆ? ಸಿಗೋ ಗಾಡಿಯ ಹಿಂಭಾಗ 7 ಅಡಿ ಇದೆ.

ಕೀಲು_ಬೋಲ್ಟು
ಮೂರು ತುಂಡಾಗಿ ಕಟ್ಟಿ: ತಲೆ, ಎದೆ, ಹಿಂದಿನ ಮೈ. ತಲೆ-ಎದೆ ಮಧ್ಯೆ ಹೇಗೂ ಕೀಲಿನ ಬೋಲ್ಟು ಇದೆ, ಅಲ್ಲೇ ಬಿಚ್ಚಿ. ತಂತಿಯನ್ನು ದವಡೆ ಕಡೆ ಕೊಕ್ಕೆ ಹಾಕಿ ಕಟ್ಟಿ, ಬಿಚ್ಚೋಕೆ ಬರುತ್ತೆ. ಎದೆ-ಮೈ ಮಧ್ಯೆ ಎರಡು ಬಳೆ ಜೋಡಿ ಕಟ್ಟಿ, ಒಂದು ಎದೆಗೆ, ಒಂದು ಮೈಗೆ, ನಾಲ್ಕು ಕಡೆ 6 ಮಿ.ಮೀ. ಬೋಲ್ಟು. ಜೋಡಿಸೋ ಗುರುತನ್ನು ಎರಡೂ ಬಳೆ ಮೇಲೆ ಮೊದಲೇ ಬಣ್ಣದಲ್ಲಿ ಹಾಕಿ, ಇಲ್ಲಾಂದ್ರೆ ಅಲ್ಲಿ ತೂತು ಕೂಡಲ್ಲ. ಸ್ಪ್ಯಾನರ್ ಎರಡು, ಜಾಸ್ತಿ ನಟ್ಟು ಹತ್ತು, ಸೈಕಲ್ ಟ್ಯೂಬಿನ ಪಟ್ಟಿ ಒಂದು ಹೆಚ್ಚಿಗೆ ಚೀಲದಲ್ಲಿರಲಿ.

ಆಗುಂಬೆ_ಮಳೆ
ಮೇಲೆ ಟಾರ್ಪಾಲು ಹಾಕಿ, ಆದರೆ ಮೈಗೆ ತಾಗಿಸಿ ಬಿಗೀಬೇಡಿ, ಬೆವರಿಳಿದು ಪೇಪರ್ ಪದರ ಏಳುತ್ತೆ. ನಡುವೆ ಒಣಹುಲ್ಲು ಹಾಕಿ.